ಮಿಶ್ರ ತಳಿಯ ನಾಯಿಮರಿಗೆ ಮಲಮೂತ್ರ ವಿಸರ್ಜನೆಯ ಅಭ್ಯಾಸ: ಪಾಲಕರಿಗೆ ಮಾಹಿತಿ

ಲಸಿಕೆಗಾಗಿ ಅಥವಾ ಸಾಕು ನಾಯಿಯ ಪರವಾನಗಿಗೆ ಬೇಕಾದ ಪ್ರಮಾಣ ಪತ್ರಕ್ಕಾಗಿ ಪಶು ಆಸ್ಪತ್ರೆಗೆ ಬರುವ ಸಾರ್ವಜನಿಕರು, ಮರಿಯು ಮನೆಯೊಳಗೇ ಮಲಮೂತ್ರ ವಿಸರ್ಜಿಸುವ ಬಗ್ಗೆ ಪರಿಹಾರ ಕೋರುವುದು ಸಾಮಾನ್ಯ. ಬೀದಿನಾಯಿಯ ಸಂಕರದಿಂದ ಹುಟ್ಟಿದ ಮರಿಗಳು ಕಲಿಯುವುದಿಲ್ಲವೆಂಬ ತಪ್ಪು ಕಲ್ಪನೆಯಿಂದ ಕೆಲವರು ಅವುಗಳನ್ನು ಮರಳಿ ಬೀದಿಗೆ ಬಿಡುತ್ತಾರೆ. ಹಸಿವು ಬಾಯಾರಿಕೆಯಿಂದ ನರಳುವ ಸ್ಥಿತಿಯಲ್ಲಿ ಪ್ರಾಣಿಯನ್ನು ಸಕಾರಣವಿಲ್ಲದೆ ತೊರೆಯುವುದು ಪ್ರಾಣಿ ಹಿಂಸೆ ತಡೆ ಕಾಯ್ದೆ, 1960ರನ್ವಯ ಅಪರಾಧವಾಗಿರುತ್ತದೆ.

ಈ ಅಭ್ಯಾಸವು ತಳಿಗಿಂತ ಹೆಚ್ಚಾಗಿ ಮರಿಯ ವಯಸ್ಸನ್ನೂ ಪಾಲಕರ ಸಮಯಪಾಲನೆಯನ್ನೂ ಅವಲಂಬಿಸಿದೆ. ಎರಡು ತಿಂಗಳ ಮರಿಯು ಹಗಲಿನಲ್ಲಿ ಸುಮಾರು ಎರಡು ಗಂಟೆಗಿಂತ ಹೆಚ್ಚು ಕಾಲ ಮೂತ್ರವನ್ನು ತಡೆಯಲಾರದು. ಸಣ್ಣ ಗಾತ್ರದ ಮರಿಗಳಿಗೆ ಇಷ್ಟೂ ಸಾಧ್ಯವಾಗದಿರಬಹುದು. ಆದ್ದರಿಂದ ನಿದ್ರೆಯಿಂದ ಎದ್ದೊಡನೆ, ಆಹಾರ ಸೇವಿಸಿದ ಅರ್ಧ ಗಂಟೆಯೊಳಗೆ, ಆಟದ ನಂತರ ಹಾಗೂ ಮಲಗುವ ಮುನ್ನ, ಅಲ್ಲದೆ ರಾತ್ರಿ ಒಮ್ಮೆಯಾದರೂ ಅದನ್ನು ಒಂದೇ ನಿಗದಿತ ಸ್ಥಳಕ್ಕೆ ಕರೆದೊಯ್ಯತಕ್ಕದ್ದು. ವಿಸರ್ಜನೆ ಮುಗಿದ ಕೂಡಲೇ, ಅದೇ ಸ್ಥಳದಲ್ಲಿ ಮೈದಡವಿ ಪ್ರಶಂಸಿಸಬೇಕು. ಮನೆಯೊಳಗೆ ಬಂದ ಮೇಲೆ ನೀಡುವ ತಿನಿಸು ಯಾವುದಕ್ಕೆ ದೊರೆಯಿತೆಂದು ಮರಿಗೆ ತಿಳಿಯುವುದಿಲ್ಲ.

ನಿಗದಿತ ಸ್ಥಳದ ಆಯ್ಕೆಯಲ್ಲಿ ವಿಶೇಷ ಎಚ್ಚರ ಅಗತ್ಯ. ಮಾರಕ ಪಾರ್ವೋ ರೋಗದ ವೈರಾಣು ಮಣ್ಣಿನಲ್ಲಿ ತಿಂಗಳುಗಟ್ಟಲೆ ಉಳಿಯಬಲ್ಲದು. ಇದರ ವಿರುದ್ಧದ ಲಸಿಕೆಯನ್ನು 6ರಿಂದ 8 ವಾರಗಳ ವಯಸ್ಸಿನಲ್ಲಿ ಆರಂಭಿಸಿ, ಸುಮಾರು 16 ವಾರಗಳವರೆಗೆ ಮೂರು-ನಾಲ್ಕು ವಾರಗಳಿಗೊಮ್ಮೆ ನೀಡಲಾಗುತ್ತದೆ. ಅಲ್ಲಿಯವರೆಗೆ ಬೀದಿಯ ಮೂಲೆ, ಉದ್ಯಾನವನ ಮುಂತಾದ, ಇತರೆ ನಾಯಿಗಳು ಓಡಾಡುವ ಜಾಗಗಳು ಸೂಕ್ತವಲ್ಲ. ಸ್ವಂತ ಹಿತ್ತಲು ಅಥವಾ ತಾರಸಿ ಲೇಸು. ಮಹಡಿ ಮನೆಗಳಲ್ಲಿ ವಾಸಿಸುವವರು ಹಳೆಯ ದಿನಪತ್ರಿಕೆ ಹಾಸಿ, ದಿನೇ ದಿನೇ ಅದನ್ನು ಬಾಗಿಲಿನತ್ತ ಸರಿಸಬಹುದು. ಆದರೆ ಕಾಗದದ ಅಭ್ಯಾಸವನ್ನು ಮುಂದೆ ಬಿಡಿಸಬೇಕಾಗುವುದರಿಂದ, ಹಿತ್ತಲಿರುವವರು ಇದಕ್ಕೆ ಕೈಹಾಕದಿರುವುದೇ ಒಳಿತು.

ತಪ್ಪಾದಲ್ಲಿ ಹೊಡೆಯುವುದು, ಮೂತಿಯನ್ನು ನೆಲಕ್ಕೆ ಉಜ್ಜುವುದು ಈಗಲೂ ರೂಢಿಯಲ್ಲಿದೆ. ಇದರಿಂದ ಮರಿಯು ಕಲಿಯುವುದು ಯಜಮಾನರ ಎದುರು ವಿಸರ್ಜಿಸುವುದು ಅಪಾಯಕರವೆಂಬುದನ್ನು ಮಾತ್ರ. ಅನಂತರ ಅದು ಮಂಚದ ಅಡಿಯನ್ನು ಹುಡುಕುತ್ತದೆ. ಹೊರಗೆ ಕರೆದೊಯ್ದರೂ ತಡೆದುಕೊಳ್ಳುತ್ತದೆ. ನೆಲ ಮೂಸುತ್ತಾ ಸುತ್ತುವುದು ಕಂಡುಬಂದಲ್ಲಿ ಮೆಲ್ಲನೆ ಎತ್ತಿಕೊಂಡು ಹೊರಗೆ ಒಯ್ಯಬೇಕು. ನೀರು ಕೊಡದೆ ಇರಿಸುವುದು ಪರಿಹಾರವಲ್ಲ, ಬೇಸಿಗೆಯಲ್ಲಂತೂ ಅಪಾಯಕರ.

ನೆಲದಲ್ಲಿ ವಾಸನೆ ಉಳಿದರೆ ಮರಿ ಅಲ್ಲಿಗೇ ಮರಳುತ್ತದೆ. ಅಮೋನಿಯಾಯುಕ್ತ ದ್ರಾವಣದ ವಾಸನೆ ಮೂತ್ರವನ್ನು ಹೋಲುವುದರಿಂದ ಅದನ್ನು ಬಳಸಬಾರದು. ಫಿನಾಯಿಲ್ ಹಾಕಿದ ಒದ್ದೆ ನೆಲದ ಮೇಲೆ ನಡೆದ ಮರಿಯು ಪಾದ ನೆಕ್ಕಿಕೊಳ್ಳುವ ಸಂಭವವಿರುತ್ತದೆ. ಕಿಣ್ವಯುಕ್ತ ಬಟ್ಟೆ ಸೋಪಿನ ಪುಡಿಯ ತಿಳಿ ದ್ರಾವಣದಿಂದ ತೊಳೆದು, ಶುದ್ಧ ನೀರಿನಿಂದ ಒರೆಸುವುದು ಉತ್ತಮ.

ಅಭ್ಯಾಸವಾಗಿದ್ದ ಮರಿಯು ಹಠಾತ್ತನೆ ಒಳಗೆ ವಿಸರ್ಜಿಸತೊಡಗಿದಲ್ಲಿ, ಪದೇ ಪದೇ ಹನಿಹನಿಯಾಗಿ ಮೂತ್ರ ಮಾಡಿದಲ್ಲಿ ಅದು ಅನಾರೋಗ್ಯವಿರಬಹುದು. ವಾಂತಿಯೊಡನೆ ರಕ್ತಮಿಶ್ರಿತ ಭೇದಿ ಕಂಡುಬಂದರೆ ಅದೇ ದಿನ, ಲಸಿಕಾ ಪುಸ್ತಕದೊಂದಿಗೆ, ಹತ್ತಿರದ ಪಶು ಆಸ್ಪತ್ರೆಗೆ ಕರೆತರಲು ಕೋರಲಾಗಿದೆ.