ಹಾವಿನ ಭಾಷೆಯನ್ನು ಕಲಿಯುವ ಬಗೆ

ಕಳೆದ ಮಳೆಗಾಲದ ಒಂದು ಸಂಜೆ ಕಚೇರಿಯಿಂದ ಮನೆಗೆ ಬಂದು ಚಪ್ಪಲಿ ಕಳಚುತ್ತಿದ್ದೆ. ಒಳಕೋಣೆಯಿಂದ ‘ಹ್ಸ್ಸ್... ಹಸ್ಸಾ...’ ಎಂಬ ಸದ್ದು ಕೇಳಿಸಿತು. ವಡೋದರೆಯಲ್ಲಿ ವಾಸಮಾಡುವವರಿಗೆ ಇಂಥ ಸದ್ದು ವಿನೋದದ ವಿಷಯವಲ್ಲ. ವಿಶ್ವಾಮಿತ್ರಿ ಉಕ್ಕಿ ಹರಿದಾಗ ಮೊಸಳೆಗಳೇ ಬೀದಿಗೆ ಬರುವ ಊರು ಇದು. ಹಾವೊಂದು ಮನೆ ಹೊಕ್ಕರೆ ಆಶ್ಚರ್ಯವೇನು? ಕೈಗೆ ಸಿಕ್ಕ ಕೊಡೆಯನ್ನು ಹಿಡಿದು ಮೆಲ್ಲನೆ ಇಣುಕಿದೆ. ಐದನೆಯ ತರಗತಿಯಲ್ಲಿ ಓದುವ ನಮ್ಮ ಮಗಳು ಕನ್ನಡಿಯ ಮುಂದೆ ನಿಂತು ಬುಸುಗುಟ್ಟುತ್ತಿದ್ದಳು!

“ಏನವಾ ಇದು?” ಎಂದೆ.

ಅವಳು ಗುಜರಾತಿಯಲ್ಲಿ ಉತ್ತರ ಕೊಟ್ಟಳು: ತಾನು ಹಾವಿನ ಭಾಷೆ ಕಲಿಯುತ್ತಿದ್ದೇನೆ, ಹ್ಯಾರಿ ಪಾಟರನಿಗೆ ಬರುತ್ತದೆ, ತನಗೂ ಬರಬೇಕು, ಕಲಿಯುವುದು ಹೇಗೆಂದು ಪಪ್ಪಾ ಹೇಳಿಕೊಡಬೇಕು.

ನಾನೊಬ್ಬ ಸರಕಾರಿ ಗುಮಾಸ್ತ. ಬಿ.ಎ. ಪದವಿಯೊಂದನ್ನು ಬಿಟ್ಟರೆ ಭಾಷಾಶಾಸ್ತ್ರದ ಗಂಧ ನನಗಿಲ್ಲ. ಆದರೂ ಮೇಜಿನ ಮೇಲೆ ಬಂದ ಕಡತವನ್ನು ವಿಚಾರಿಸದೆ ಹಿಂದಕ್ಕೆ ಕಳಿಸುವುದು ನಮ್ಮ ಪದ್ಧತಿಯಲ್ಲ. ವಿಚಾರಣೆ ಆರಂಭಿಸಿದೆ.

ಮಕ್ಕಳಿರುವ ಮನೆಗಳಲ್ಲಿ ಹ್ಯಾರಿ ಪಾಟರನ ಪರಿಚಯ ಹೊಸದಾಗಿ ಮಾಡಿಕೊಡಬೇಕಾಗಿಲ್ಲ. ಜೆ. ಕೆ. ರೌಲಿಂಗ್ ಎಂಬ ಲೇಖಕಿ ಬರೆದ ಏಳು ಕಾದಂಬರಿಗಳ ನಾಯಕನಾದ ಹುಡುಗ ಅವನು. ಮೊದಲನೆಯದು ೧೯೯೭ರಲ್ಲಿ, ಕೊನೆಯದು ೨೦೦೭ರಲ್ಲಿ ಹೊರಬಂದವು. ಹಾವುಗಳು ಆಡುವ ಮಾತಿಗೆ ಆ ಕಥೆಗಳಲ್ಲಿ ‘ಪಾರ್ಸೆಲ್‌ಟಂಗ್’ ಎಂದು ಹೆಸರು. ಹ್ಯಾರಿ ಅದನ್ನು ಯಾರಿಂದಲೂ ಕಲಿತವನಲ್ಲ. ಪ್ರಾಣಿಸಂಗ್ರಹಾಲಯದ ಹೆಬ್ಬಾವಿನೊಡನೆ ಮಾತಾಡಿದಾಗ ಅವನಿಗೆ ತಾನು ಬೇರೆ ಭಾಷೆ ಆಡುತ್ತಿದ್ದೇನೆಂಬ ಅರಿವೇ ಇಲ್ಲ. ಕೇಳುವವರಿಗೆ ಮಾತ್ರ ಅದು ಬರೀ ಬುಸುಗುಟ್ಟುವಿಕೆ. ಸಾಮಾನ್ಯವಾಗಿ ಈ ವಿದ್ಯೆ ವಂಶದಿಂದ, ರಕ್ತದಿಂದ ಬರುವಂಥದು ಎಂದು ಕಥೆ ಹೇಳುತ್ತದೆ.

“ನೋಡು, ರಕ್ತದಲ್ಲಿ ಇಲ್ಲದಿದ್ದರೆ ಬರುವುದಿಲ್ಲ. ನಿನ್ನ ರಕ್ತದಲ್ಲಿ ಇರುವುದು ಕನ್ನಡ” ಎಂದು ದೊಡ್ಡಸ್ತಿಕೆಯಿಂದ ತೀರ್ಪು ಕೊಟ್ಟೆ. ಮರುಕ್ಷಣವೇ ನಾಲಗೆ ಕಚ್ಚಿಕೊಂಡೆ. ರಕ್ತದಲ್ಲಿ ಕನ್ನಡವಿದ್ದ ಪಕ್ಷದಲ್ಲಿ ಅದು ಅವಳ ಬಾಯಿಗೆ ಏಕೆ ಬಂದಿರಲಿಲ್ಲ?

ನನ್ನ ತೀರ್ಪನ್ನು ಆ ಕಥೆಯೇ ತಳ್ಳಿಹಾಕುತ್ತದೆಂದು ಮಗಳು ತೋರಿಸಿಕೊಟ್ಟಳು. ಏಳನೆಯ ಪುಸ್ತಕದಲ್ಲಿ ಹ್ಯಾರಿಯ ಗೆಳೆಯ ರಾನ್ ಎಂಬವನು ಹಾವಿನ ಮಾತಿಗೆ ಮಾತ್ರ ತೆರೆದುಕೊಳ್ಳುವ ಬಾಗಿಲನ್ನು ತೆರೆಯುತ್ತಾನೆ. ಅವನ ವಂಶಕ್ಕೂ ಹಾವಿಗೂ ಸಂಬಂಧವಿಲ್ಲ. ಹ್ಯಾರಿ ಮಾಡಿದ ಸದ್ದನ್ನು ಒಮ್ಮೆ ಕೇಳಿದ್ದ; ಅದನ್ನೇ ನೆನೆದು, ತಪ್ಪು ತಪ್ಪಾಗಿ ಹಲವು ಸಲ ಅಂದು, ಕೊನೆಗೆ ಸರಿಯಾಗಿ ಅಂದ. ಬಾಗಿಲು ತೆರೆಯಿತು! ಚಲನಚಿತ್ರಗಳಲ್ಲಿ ಕೇಳುವ ಹಾವಿನ ಭಾಷೆಯಾದರೋ ಕೇಂಬ್ರಿಜ್ ವಿಶ್ವವಿದ್ಯಾಲಯದ ಧ್ವನಿವಿಜ್ಞಾನದ ಪ್ರಾಧ್ಯಾಪಕ ಫ್ರಾನ್ಸಿಸ್ ನೋಲನ್ ಎಂಬವರು ರಚಿಸಿಕೊಟ್ಟದ್ದು. ನಟರು ಅದನ್ನು ಕೇಳಿ, ಬಾಯಿಪಾಠ ಮಾಡಿ ಆಡಿದರು.

ನಮ್ಮ ಹಿರಿಯರು ಈ ವಿಷಯದಲ್ಲಿ ಏನು ಹೇಳಿದ್ದಾರೆಂದು ನೋಡುವ ಮನಸ್ಸಾಯಿತು. ಸಯಾಜಿರಾವ್ ಗಾಯಕವಾಡ ಮಹಾರಾಜರು ೧೯೧೦ರಲ್ಲಿ ಸ್ಥಾಪಿಸಿದ ಕೇಂದ್ರ ಗ್ರಂಥಾಲಯ ನಮ್ಮ ಊರಿನಲ್ಲಿರುವಾಗ ಚಿಂತೆಯೇಕೆ? ಎರಡು ರವಿವಾರ ಅಲ್ಲಿ ಕಳೆದೆ.

ಬೌದ್ಧರ ಜಾತಕಕಥೆಗಳಲ್ಲಿ ೩೮೬ನೆಯದು ಖರಪುತ್ತ ಜಾತಕ. ಕಾಶಿಯ ಸೇನಕನೆಂಬ ರಾಜ ಹುಡುಗರ ಕೈಗೆ ಸಿಕ್ಕಿ ಪೆಟ್ಟು ತಿನ್ನುತ್ತಿದ್ದ ನಾಗರಾಜನನ್ನು ಬಿಡಿಸಿದ. ಮುಂದೆ ನಾಗರಾಜ ಅವನಿಗೆ ಸಕಲ ಪ್ರಾಣಿಗಳ ಮಾತು ತಿಳಿಯುವ ಮಂತ್ರವನ್ನು ಕೊಟ್ಟ. ಆದರೆ ಒಂದು ಕರಾರು: ಆ ಮಂತ್ರವನ್ನು ಇನ್ನೊಬ್ಬರಿಗೆ ಹೇಳಿಕೊಟ್ಟರೆ ಪ್ರಾಣ ಹೋಗುತ್ತದೆ. ನೆಲಕ್ಕೆ ಬಿದ್ದ ಒಂದು ಹನಿ ಜೇನನ್ನು ಕಂಡು ಇರುವೆಗಳು ಅರಸನ ಜೇನಿನ ಗಡಿಗೆಯೇ ಒಡೆಯಿತೆಂದು ಸಂಭ್ರಮಿಸಿದ್ದನ್ನು ಕೇಳಿ ರಾಜ ನಕ್ಕ. ರಾಣಿ ಬಿಡುವಳೇ? ಮಂತ್ರ ಹೇಳಲೇಬೇಕೆಂದು ಹಟ ಹಿಡಿದಳು. ಸಾಯಲೂ ಸಿದ್ಧನಾಗಿದ್ದ ರಾಜನಿಗೆ ಆಡೊಂದರ ಮಾತು ಕಿವಿಗೆ ಬಿದ್ದು ಬುದ್ಧಿ ಬಂತು. ಕಲಿಸಬಾರದೆಂಬ ಕಟ್ಟಳೆಯುಳ್ಳ ಭಾಷೆಯ ಪಾಡು ಇಷ್ಟೇ. ಅದು ಅವನೊಡನೆಯೇ ಮುಗಿಯಿತು.

ಗುಣಾಢ್ಯನ ಕಥೆ ಇದಕ್ಕೆ ವಿರುದ್ಧವಾದದ್ದು. ಕಾಶ್ಮೀರದ ಸೋಮದೇವ ೧೧ನೆಯ ಶತಮಾನದಲ್ಲಿ ಬರೆದ ಕಥಾಸರಿತ್ಸಾಗರದಲ್ಲಿ ಅದು ಬರುತ್ತದೆ. ಸಾತವಾಹನ ರಾಜನಿಗೆ ಸಂಸ್ಕೃತ ಕಲಿಸಲು ಆರು ವರ್ಷ ಬೇಕೆಂದು ಗುಣಾಢ್ಯ ಹೇಳಿದ. ಶರ್ವವರ್ಮ ಆರೇ ತಿಂಗಳು ಸಾಕೆಂದ. ಹಾಗಾದರೆ ಸಂಸ್ಕೃತ, ಪ್ರಾಕೃತ, ದೇಶಭಾಷೆ ಮೂರನ್ನೂ ತ್ಯಜಿಸುವೆನೆಂದು ಪಣ ತೊಟ್ಟು ಗುಣಾಢ್ಯ ಸೋತ. ವಿಂಧ್ಯದ ಕಾಡು ಸೇರಿ, ಪಿಶಾಚಗಳು ಆಡಿಕೊಳ್ಳುವ ಮಾತನ್ನು ಕೇಳಿ ಕೇಳಿ ಪೈಶಾಚೀ ಭಾಷೆಯನ್ನು ಕಲಿತ. ಆ ಭಾಷೆಯಲ್ಲಿ ಏಳು ಲಕ್ಷ ಶ್ಲೋಕಗಳ ಬೃಹತ್ಕಥೆಯನ್ನು ಬರೆದನೆಂದೂ, ರಾಜ ತಿರಸ್ಕರಿಸಿದಾಗ ಒಂದೊಂದು ಹಾಳೆಯನ್ನೂ ಓದಿ ಬೆಂಕಿಗೆ ಹಾಕುತ್ತಿದ್ದರೆ ಕಾಡಿನ ಮೃಗಗಳು ಮೇವು ಬಿಟ್ಟು ಕಣ್ಣೀರಿಡುತ್ತ ಕೇಳಿದುವೆಂದೂ ಕಥೆ. ನಮ್ಮ ದುರ್ಗಸಿಂಹ ಸುಮಾರು ೧೦೩೧ರಲ್ಲಿ ಬರೆದ ಕನ್ನಡ ಪಂಚತಂತ್ರದ ಮೂಲವನ್ನು ಈ ಗುಣಾಢ್ಯನವರೆಗೂ ಕೊಂಡೊಯ್ಯುತ್ತಾನೆ. ಪಿಶಾಚಭಾಷೆಗೂ ಪಾಠಶಾಲೆ ಇರಲಿಲ್ಲ, ಕಿವಿಯೇ ಗುರು.

ಇನ್ನು ನಿಜವಾದ ಹಾವಿನ ವಿಚಾರ. ಹಾವಿಗೆ ಸಂಸ್ಕೃತದಲ್ಲಿ ‘ಚಕ್ಷುಃಶ್ರವ’ ಎಂದು ಹೆಸರು. ಎಂದರೆ ಕಣ್ಣಿನಿಂದಲೇ ಕೇಳುವಂಥದು. ಹೊರಕಿವಿ ಇಲ್ಲವಾದ್ದರಿಂದ ಈ ಹೆಸರು ಬಂದಿರಬೇಕು. ಅದು ಸಂಪೂರ್ಣ ಕಿವುಡೆಂದೇ ಬಹುಕಾಲ ಜನರು ತಿಳಿದಿದ್ದರು. ಆದರೆ ಹಾವಿಗೆ ಒಳಕಿವಿ ಇದೆ. ನೆಲದ ಕಂಪನ ದವಡೆಯ ಮೂಳೆಯ ಮೂಲಕ ಅಲ್ಲಿಗೆ ಮುಟ್ಟುತ್ತದೆ. ೨೦೨೩ರಲ್ಲಿ ಆಸ್ಟ್ರೇಲಿಯದ ಸಂಶೋಧಕರು ೧೯ ಹಾವುಗಳನ್ನು ಪರೀಕ್ಷಿಸಿ, ಗಾಳಿಯಲ್ಲಿ ಬರುವ ಸದ್ದಿಗೂ ಅವು ಸ್ಪಂದಿಸುತ್ತವೆಂದು ಪ್ರಕಟಿಸಿದರು. ಕೊಳಕುಮಂಡಲ ಜೋರಾಗಿ ಬುಸುಗುಟ್ಟುತ್ತದೆ. ಗರಗಸಮಂಡಲ ತನ್ನ ಒರಟು ಹುರುಪೆಗಳನ್ನೇ ಒಂದಕ್ಕೊಂದು ಉಜ್ಜಿ ಸದ್ದು ಮಾಡುತ್ತದೆ. ಮಲೆನಾಡಿನ ಕಾಳಿಂಗಸರ್ಪ ನಾಯಿಯಂತೆ ಗುರುಗುಟ್ಟುತ್ತದೆ. ಈ ಎಲ್ಲ ಮಾತುಗಳ ಅರ್ಥ ಒಂದೇ: ‘ದೂರ ಸರಿ’. ಇಷ್ಟು ತಿಳಿದರೆ ಹಾವಿನ ಭಾಷೆಯಲ್ಲಿ ನಾವು ಉತ್ತೀರ್ಣರಾದಂತೆ. ಉತ್ತರ ಕೊಡುವ ಸಾಹಸ ಬೇಡವೆಂದು ಮಗಳಿಗೆ ಖಡಾಖಂಡಿತವಾಗಿ ಹೇಳಿದೆ.

ವಿಚಾರಣೆ ಮುಗಿಯಿತು. ಆದರೆ ಹಾವಿನ ಕಿವಿಯ ವಿಷಯ ಓದುವಾಗಲೇ ಬೇರೊಂದು ಯೋಚನೆ ನನ್ನನ್ನು ಕೊರೆಯತೊಡಗಿತ್ತು. ಧಾರವಾಡದ ಕಡೆಯ ಹಳ್ಳಿಯಲ್ಲಿರುವ ನಮ್ಮ ಅವ್ವ ರವಿವಾರಕ್ಕೊಮ್ಮೆ ಫೋನು ಮಾಡುತ್ತಾಳೆ. “ಊಟ ಆತೇನವಾ?” ಎಂದರೆ ಮೊಮ್ಮಗಳು “ಹಾಂ, ಆಯಿ” ಎನ್ನುತ್ತಾಳೆ. ಆಮೇಲೆ ಮೌನ. ಆಮೇಲೆ ಫೋನು ನನ್ನ ಕೈಗೆ. ಒಮ್ಮೆ ಅವ್ವ ಮೆಲ್ಲನೆ ಕೇಳಿದಳು: “ನನ್ನ ಮಾತು ಕೂಸಿಗೆ ತಿಳಿಯೂದಿಲ್ಲೇನಪಾ?” ತಿಳಿಯುತ್ತದೆ, ಆದರೆ ಆಡುವುದಿಲ್ಲ ಎಂದೆ. ತಪ್ಪು ಮಗುವಿನದಾಗಿರಲಿಲ್ಲ. ಕಚೇರಿಯ ಹಿಂದಿ, ಗುಜರಾತಿಗಳನ್ನು ಸಂಜೆ ಮನೆಯೊಳಕ್ಕೂ ತಂದು, ಕನ್ನಡ ಹೇಗೂ ರಕ್ತದಲ್ಲಿ ಬರುತ್ತದೆಂದು ಸುಮ್ಮನಿದ್ದವನು ನಾನು. ಅಹಮದಾಬಾದು, ಸೂರತ್ತುಗಳಲ್ಲಿರುವ ನಮ್ಮ ಬಂಧುಗಳ ಮನೆಗಳಲ್ಲೂ ಇದೇ ಕಥೆ ಕೇಳಿದ್ದೇನೆ.

ಆ ಶ್ರಾವಣದಲ್ಲಿ ಅವ್ವನೇ ಬಂದಳು. ನಾಗರ ಪಂಚಮಿಗೆ ಅಳ್ಳಿಟ್ಟು, ತಂಬಿಟ್ಟು, ಶೇಂಗಾ ಉಂಡಿ ಎಲ್ಲ ಸಿದ್ಧವಾದವು. ಹಾಲೆರೆಯುವಾಗ ಮಗಳು ಬೆಳ್ಳಿಯ ನಾಗಪ್ಪನ ಮುಂದೆ ಬಗ್ಗಿ ಬುಸುಗುಟ್ಟಿದಳು. ನಾನು ಗದರಿಸಬೇಕೆನ್ನುವಷ್ಟರಲ್ಲಿ ಅವ್ವ ನಕ್ಕುಬಿಟ್ಟಳು.

“ಹಾವಿನ ಮಾತು ನನಗ ಬರೂದಿಲ್ಲವಾ. ಆದರ ನಾವು ಸಣ್ಣವರಿದ್ದಾಗ ಒಂದು ಗುಟ್ಟಿನ ಭಾಷಾ ಇತ್ತು. ದೊಡ್ಡವರಿಗೆ ಒಂದಕ್ಷರ ತಿಳೀತಿದ್ದಿಲ್ಲ. ಕಉಂಕಡಿ ಕಬೇಕಕಾ?”

ಮಗಳು ಕಣ್ಣರಳಿಸಿದಳು. ವಾಚಕರಲ್ಲಿ ಅನೇಕರಿಗೆ ನೆನಪಾಗಿರಬೇಕು. ಇದು ‘ಕ ಭಾಷೆ’. ಪ್ರತಿಯೊಂದು ಅಕ್ಷರದ ಹಿಂದೆಯೂ ಒಂದು ‘ಕ’ ಸೇರಿಸಿದರಾಯಿತು. ‘ಉಂಡಿ ಬೇಕಾ’ ಎಂಬುದು ಹಾಗೆ ವೇಷ ಮರೆಸಿಕೊಂಡಿತ್ತು. ಐದು ನಿಮಿಷದಲ್ಲಿ ಮಗಳು ಸೂತ್ರ ಹಿಡಿದಳು. ಮಧ್ಯಾಹ್ನ ‘ಕಪಾಕಣಿ’ ಎಂದು ಕೇಳಿದಳು. ಅವ್ವ, “ಪಾಣಿ ಅಂದ್ರ ಏನು? ನನ್ನ ಗುಟ್ಟಿನ ಭಾಷಾದಾಗ ಅಂಥಾ ಮಾತಿಲ್ಲ” ಎಂದಳು. ಸ್ವಲ್ಪ ಯೋಚಿಸಿ ‘ಕನೀಕರು’ ಎಂದ ಮೇಲೆಯೇ ನೀರು ಸಿಕ್ಕಿತು. ಗುಟ್ಟನ್ನು ಹೇಳಬೇಕಾದರೆ ಮೊದಲು ಕನ್ನಡದ ಮಾತು ಗೊತ್ತಿರಬೇಕು. ದಿನಕ್ಕೆ ಹತ್ತಾರು ಶಬ್ದಗಳನ್ನು ಅವಳು ತಾನಾಗಿ ಕೇಳತೊಡಗಿದಳು. “ಹಗ್ಗಕ್ಕೆ ಏನಂತಾರ? ಕಿಟಕಿಗೆ?” ನಾಲ್ಕು ವರ್ಷ ನಾನು ಬೈದು ಕಲಿಸಲಾರದ್ದನ್ನು ಒಂದು ‘ಕ’ಕಾರ ಕಲಿಸಿತು.

ಹದಿನೈದು ದಿನ ಕಳೆಯಿತು. ಇಲ್ಲಿಯವರ ನಾಗಪಂಚಮಿ ಶ್ರಾವಣ ಬಹುಳದಲ್ಲಿ, ಜನ್ಮಾಷ್ಟಮಿಗೆ ಮೂರು ದಿನ ಮೊದಲು ಬರುತ್ತದೆಂಬುದು ತಮಗೆಲ್ಲ ತಿಳಿದದ್ದೇ. ನೆರೆಮನೆಯ ಗುಜರಾತಿ ತಾಯಿ ನೀರಿನ ಕೊಡಗಳಿಡುವ ಗೋಡೆಯ ಮೇಲೆ ನಾಗನನ್ನು ಬರೆದು ಪೂಜಿಸಿ, ಸಜ್ಜೆಯ ಹಿಟ್ಟು, ಬೆಲ್ಲ, ತುಪ್ಪ ಕಲಸಿದ ಕುಲೇರನ್ನು ತಂದುಕೊಟ್ಟರು. ಅವ್ವ, ಮೊಮ್ಮಗಳು ಕೂಡಿ ತಿಂದರು. ಆ ತಾಯಿ ಎದುರಿಗೇ ಕುಳಿತಿದ್ದಾಗ ಮಗಳು ಅಜ್ಜಿಯ ಕಡೆ ತಿರುಗಿ ಗಂಭೀರವಾಗಿ ಅಂದಳು:

“ಕನಕಮ್ಮ ಕತಂಕಬಿಕಟ್ಟೇ ಕರುಕಚಿ.”

ಅವ್ವ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಬಾಗಿಲಲ್ಲಿ ನಿಂತಿದ್ದ ನಾನು ಬೆರಳು ಮಡಿಚಿ ‘ಕ’ಗಳನ್ನು ತೆಗೆದು ನೋಡಿದೆ: ‘ನಮ್ಮ ತಂಬಿಟ್ಟೇ ರುಚಿ.’ ಸೌಜನ್ಯದ ಮಾತಲ್ಲ, ನಿಜ. ಆದರೆ ಯಾರೂ ಕೇಳದೆ ಅವಳು ತಾನಾಗಿ ಆಡಿದ ಮೊದಲ ಪೂರ್ಣ ಕನ್ನಡ ವಾಕ್ಯ ಅದು. ಮತ್ತು ಅದರ ಮೊದಲ ಶಬ್ದ ‘ನಮ್ಮ’. ಗದರಿಸಲು ನನಗೆ ಬಾಯಿ ಬರಲಿಲ್ಲ.

ಅವ್ವ ಊರಿಗೆ ಹಿಂದಿರುಗಿದ್ದಾಳೆ. ರವಿವಾರದ ಫೋನು ಈಗ ಅರ್ಧ ಗಂಟೆಗೂ ಮೀರುತ್ತದೆ. ಇಬ್ಬರೂ ಎಷ್ಟು ವೇಗವಾಗಿ ಮಾತಾಡುತ್ತಾರೆಂದರೆ ನನಗೆ ಅರ್ಧಕ್ಕರ್ಧ ತಿಳಿಯುವುದಿಲ್ಲ.

ದೊಡ್ಡ ಮಕ್ಕಳಿರುವವರು ಇನ್ನೊಂದು ಆಟವನ್ನೂ ಆಡಿಸಬಹುದು. ವಾತ್ಸ್ಯಾಯನ ಪಟ್ಟಿಮಾಡಿದ ೬೪ ಕಲೆಗಳಲ್ಲಿ ‘ಮ್ಲೇಚ್ಛಿತವಿಕಲ್ಪ’ ಎಂಬ ಗುಟ್ಟಿನ ಮಾತೂ ಒಂದು. ಅದರ ಒಂದು ಬಗೆಗೆ ‘ಮೂಲದೇವೀಯ’ ಎಂದು ಹೆಸರು. ಅದರಲ್ಲಿ ‘ತ’ ಮತ್ತು ‘ಪ’, ‘ನ’ ಮತ್ತು ‘ಮ’, ‘ಯ’ ಮತ್ತು ‘ಶ’ ಹೀಗೆ ಅಕ್ಷರಗಳು ಜೋಡಿ ಜೋಡಿಯಾಗಿ ಸ್ಥಳ ಬದಲಿಸುತ್ತವೆ. ‘ತಾಯಿ’ ಎಂಬುದು ‘ಪಾಶಿ’ಯಾಗುತ್ತದೆ, ‘ಮನೆ’ ‘ನಮೆ’ಯಾಗುತ್ತದೆ. ಕನ್ನಡದಲ್ಲಿ ಆಡುವಾಗ ಕನ್ನಡದ ಅಕ್ಷರಮಾಲೆ ಬಾರದವರಿಗೆ ಈ ಬೀಗ ತೆರೆಯುವುದಿಲ್ಲ.

ಮೊನ್ನೆ ಕಚೇರಿಯಿಂದ ಬಂದಾಗ ಮಗಳು ಬಾಗಿಲಿಗೇ ಬಂದು, ‘ಕಅಕಪ್ಪಾ, ಕಚಕಹಾ ಕಬೇಕಕಾ?’ ಎಂದಳು. ಬೇಕೆಂದೆ, ಅದೇ ಭಾಷೆಯಲ್ಲಿ, ತಪ್ಪು ತಪ್ಪಾಗಿ.