ಮಡಿಕೇರಿಯ ಮಳೆಗೆ ಸಕಲೇಶಪುರದ ಹನಿ

‘ಮುಂಗಾರು ಮಳೆ’ಯ ಪ್ರೀತಮ್ ಬಂದಿಳಿಯುವುದು ಮಡಿಕೇರಿಗೆ. ಅವನನ್ನು ತೋಯಿಸಿದ ಮಳೆಯಲ್ಲಿ ಮಾತ್ರ ಸಕಲೇಶಪುರದ ಪಾಲೂ ಇದೆ, ಜೋಗದ ಪಾಲೂ ಇದೆ. 2006ರ ಡಿಸೆಂಬರ್ ಕೊನೆಗೆ ತೆರೆಕಂಡ ಚಿತ್ರ ನೋಡಿದವರು ಇದು ಯಾವ ತಾಲ್ಲೂಕಿನ ಮಳೆ ಎಂದು ಕೇಳಲಿಲ್ಲ. ನಿರ್ದೇಶಕ ಯೋಗರಾಜ್ ಭಟ್, ಛಾಯಾಗ್ರಾಹಕ ಎಸ್. ಕೃಷ್ಣ ಮನೆಮಾತಾದರು. ಆ ಮಳೆಗಳನ್ನೆಲ್ಲ ಒಂದೇ ಮಳೆಯಾಗಿಸಿದ ಸಂಕಲನಕಾರ ದೀಪು ಎಸ್. ಕುಮಾರ್ ಅವರ ಹೆಸರು ಗಾಂಧಿನಗರದ ಆಚೆ ಅಷ್ಟಾಗಿ ಕೇಳಿಬರುವುದಿಲ್ಲ.

ಸಕಲೇಶಪುರ, ಆಲೂರು ಕಡೆಯವರಿಗೆ ಗೊತ್ತು, ಆಷಾಢದಲ್ಲಿ ಇಲ್ಲಿ ಬೆಳಕು ಒಂದೇ ತೆರನಾಗಿ ಹತ್ತು ನಿಮಿಷ ನಿಲ್ಲುವುದಿಲ್ಲ. ಜಡಿಮಳೆ, ಒಂದು ಹೊಳವು, ಕಾಫಿ ತೋಟದ ಮೇಲೆ ಮಂಜು, ಮತ್ತೆ ಮಳೆ. ನಾಯಕನ ಮುಖ ತೆಗೆಯುವಾಗ ಸುರಿಯುತ್ತಿದ್ದದ್ದು ಕ್ಯಾಮೆರಾ ನಾಯಕಿಯ ಕಡೆ ತಿರುಗುವಷ್ಟರಲ್ಲಿ ನಿಂತಿರುತ್ತದೆ. ಎರಡು ಶಾಟ್ ಅಕ್ಕಪಕ್ಕ ಇಟ್ಟರೆ ಗುಟ್ಟು ರಟ್ಟು. ಆಗ ಸಂಕಲನಕಾರ ನಡುವೆ ಒಂದು ಕೊಡೆಯನ್ನೋ ನೀರಿಳಿಯುವ ಹೆಂಚನ್ನೋ ತೋರಿಸಿ ಕಣ್ಣು ತಪ್ಪಿಸುತ್ತಾನೆ. ಮಳೆಯ ಸದ್ದನ್ನು ಮಾತ್ರ ಎಲ್ಲೂ ಕಡಿಯದೆ ಹರಿಸುತ್ತಾನೆ. ಕಿವಿ ಒಪ್ಪಿದರೆ ಕಣ್ಣು ತಕರಾರು ಮಾಡುವುದು ಕಡಿಮೆ.

ಮಲೆನಾಡಿನ ಚಿತ್ರಕ್ಕೆ ಹೊರಗಿನವರು ಕೈಹಾಕಿದ್ದೂ ಉಂಟು. ಶೃಂಗೇರಿ ಬಳಿ ಚಿತ್ರೀಕರಣವಾದ ‘ಸಂಸ್ಕಾರ’ಕ್ಕೆ (1970) ಆಸ್ಟ್ರೇಲಿಯಾದ ಟಾಮ್ ಕೋವನ್ ಕ್ಯಾಮೆರಾ ಹಿಡಿದರು, ಸ್ಟೀವನ್ ಕಾರ್ಟಾ ಸಂಕಲಿಸಿದರು. ಆಗೆಲ್ಲ ಸಂಕಲನ ಅಂದರೆ ನಿಜಕ್ಕೂ ಫಿಲ್ಮು ಕತ್ತರಿಸಿ ಅಂಟಿಸುವುದೇ. ನೆಟ್ಟಗೆ ನಿಂತ ಅಮೆರಿಕದ ಮೂವಿಯೋಲಾ ಯಂತ್ರವನ್ನು ಪೆಡಲ್ ತುಳಿದು ಓಡಿಸಬೇಕು, ಗಡಗಡ ಸದ್ದು ಬೇರೆ. ಇನ್ನೊಂದು, ಜರ್ಮನಿಯ ಮೇಜು. 1931ರಲ್ಲಿ ಹ್ಯಾಂಬರ್ಗಿನಲ್ಲಿ ವಿಲ್ಹೆಲ್ಮ್ ಸ್ಟೀನ್‌ಬೆಕ್ ಕಟ್ಟಿದ ಕಂಪನಿ ಅದನ್ನು ಜಗತ್ತಿಗೆಲ್ಲ ಹಂಚಿತು. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನ ವಿದ್ಯಾರ್ಥಿಗಳೂ ಅದರ ಮುಂದೆ ಕೂತು ಕಲಿತರು. ಅಡ್ಡ ಮಲಗಿದ ತಟ್ಟೆಗಳ ಮೇಲೆ ಚಿತ್ರದ ಸುರುಳಿ ಒಂದು, ಧ್ವನಿಯ ಸುರುಳಿ ಒಂದು, ಎರಡೂ ಹೆಜ್ಜೆ ತಪ್ಪದೆ ಸುತ್ತುತ್ತವೆ. ಹಿಂದಕ್ಕೂ ಮುಂದಕ್ಕೂ ಓಡಿಸಿ ನೋಡಬಹುದು. ಮೌಸ್ ಹಿಡಿದವರಿಗೆ ಇದೇನು ಮಹಾ ಅನ್ನಿಸೀತು. ಆದರೆ ಅಲ್ಲಿ ಪ್ರತಿ ಕಟ್‌ಗೂ ಎದ್ದು ತುಂಡು ಹುಡುಕಿ ಅಂಟಿಸಬೇಕಿತ್ತು, ಹಾಗಾಗಿ ಕತ್ತರಿಸುವ ಮುನ್ನ ಯೋಚಿಸುತ್ತಿದ್ದರು.

ಆ ಯೋಚನೆಯನ್ನೇ ಶೈಲಿ ಮಾಡಿಕೊಂಡವರು ಪೀಟರ್ ಪ್ರಿಗೊಡಾ (1941–2011). ಬರ್ಲಿನ್‌ನಲ್ಲಿ ಹುಟ್ಟಿದ ಅವರು ವಿಮ್ ವೆಂಡರ್ಸ್ ಚಿತ್ರಗಳ ಕಾಯಂ ಸಂಕಲನಕಾರ. ‘ಕಿಂಗ್ಸ್ ಆಫ್ ದ ರೋಡ್’ನಲ್ಲಿ (1976) ಪ್ರೊಜೆಕ್ಟರ್ ರಿಪೇರಿಯವನೊಬ್ಬ ಎರಡು ಜರ್ಮನಿಗಳ ಗಡಿಗುಂಟ ಊರೂರು ಅಲೆಯುತ್ತಾನೆ. ಸುಮಾರು ಮೂರು ತಾಸಿನ ಚಿತ್ರ. ಅವಸರದ ಕಟ್ ಇಲ್ಲ. ನನ್ನ ಮಟ್ಟಿಗೆ, ಕತ್ತರಿಸದೆ ಬಿಡುವುದೇ ಈ ಕಸುಬಿನಲ್ಲಿ ಕಷ್ಟ.

ಭಟ್ಟರ ನಾಯಕನಿಗೆ ಅಷ್ಟು ಮೌನ ಎಲ್ಲಿಯದು! ಗಣೇಶ್ ಮಾತು ಶುರುಮಾಡಿದರೆ ಅದರ ಲಯಕ್ಕೆ ಸಂಕಲನ ಕಾಯಬೇಕು. ಜೊತೆಗೆ ದೇವದಾಸ ಎಂಬ ಮೊಲ. ಸಂಕಲನಕಾರನಿಗೆ ಇಂಥ ಪಾತ್ರ ಸಿಕ್ಕಿದ್ದು ಪುಣ್ಯವೇ: ಮಳೆ ಸಕಲೇಶಪುರದ್ದಿರಲಿ, ಮಡಿಕೇರಿಯದ್ದಿರಲಿ, ಮೊಲದ ಮುಖ ಬದಲಾಗುವುದಿಲ್ಲ.