ಎಂ. ಎಸ್. ಸತ್ಯು

ಮೈಸೂರು ಶ್ರೀನಿವಾಸ ಸತ್ಯು (ಜನನ: 6 ಜುಲೈ 1930, ಮೈಸೂರು) ಭಾರತೀಯ ಚಲನಚಿತ್ರ ನಿರ್ದೇಶಕ, ಕಲಾನಿರ್ದೇಶಕ ಹಾಗೂ ರಂಗಕರ್ಮಿ. ದೇಶವಿಭಜನೆ, ಬರಗಾಲದ ರಾಜಕೀಯ, ಬಸವಿ ಪದ್ಧತಿ ಮೊದಲಾದ ವಿಷಯಗಳನ್ನು ಹಿಂದಿ ಮತ್ತು ಕನ್ನಡ ಚಿತ್ರಗಳಲ್ಲಿ ನಿರೂಪಿಸಿದ್ದಾರೆ.

ಆರಂಭಿಕ ಜೀವನ

1952ರಲ್ಲಿ ಪದವಿ ವ್ಯಾಸಂಗವನ್ನು ಅರ್ಧಕ್ಕೆ ಬಿಟ್ಟು ಮುಂಬಯಿಗೆ ತೆರಳಿದ ಸತ್ಯು, ನಿರ್ದೇಶಕ ಚೇತನ್ ಆನಂದ್ ಅವರ ಸಹಾಯಕರಾದರು. ಆನಂದ್ ಅವರ ‘ಹಕೀಕತ್’ (1964) ಚಿತ್ರದ ಕಲಾನಿರ್ದೇಶನಕ್ಕಾಗಿ ಫಿಲ್ಮ್‌ಫೇರ್ ಪ್ರಶಸ್ತಿ ಪಡೆದರು. ಎಡಪಂಥೀಯ ರಂಗಸಂಘಟನೆಯಾದ ಇಪ್ಟಾದೊಂದಿಗೆ ದೀರ್ಘಕಾಲ ಗುರುತಿಸಿಕೊಂಡರು.

ಗರಮ್ ಹವಾ

ಇಸ್ಮತ್ ಚುಗ್ತಾಯಿ ಅವರ ಕಥೆಯನ್ನು ಆಧರಿಸಿದ ಈ ಚಿತ್ರಕ್ಕೆ ಕೈಫಿ ಆಜ್ಮಿ ಮತ್ತು ಶಮಾ ಜೈದಿ ಚಿತ್ರಕಥೆ ಬರೆದರು. ಬಂಧುಗಳು ಒಬ್ಬೊಬ್ಬರಾಗಿ ಪಾಕಿಸ್ತಾನಕ್ಕೆ ಹೊರಟಾಗಲೂ ಆಗ್ರಾದಲ್ಲೇ ಉಳಿಯಬಯಸುವ ಪಾದರಕ್ಷೆ ತಯಾರಕ ಸಲೀಂ ಮಿರ್ಜಾ ಇದರ ನಾಯಕ. ಸಾಲ, ಮನೆ, ವ್ಯವಹಾರ ಎಲ್ಲದರಲ್ಲೂ ಆತ ಸಂಶಯಕ್ಕೆ ಗುರಿಯಾಗುತ್ತಾನೆ. ಆ ಪಾತ್ರ ವಹಿಸಿದ ಬಲರಾಜ್ ಸಾಹ್ನಿ ಚಿತ್ರ ಬಿಡುಗಡೆಯಾಗುವ ಮೊದಲೇ, 1973ರ ಏಪ್ರಿಲ್ 13ರಂದು ನಿಧನರಾದರು.

ಸರ್ಕಾರಿ ಸಂಸ್ಥೆಯಾದ ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ ನೀಡಿದ ಎರಡೂವರೆ ಲಕ್ಷ ರೂಪಾಯಿ ಸಾಲದಿಂದ ಚಿತ್ರ ನಿರ್ಮಾಣ ಆರಂಭವಾಯಿತು. ಆದರೆ ಕೋಮುಗಲಭೆಯ ಭೀತಿಯಿಂದ ಸೆನ್ಸಾರ್ ಮಂಡಳಿಯು ಪ್ರಮಾಣಪತ್ರವನ್ನು ಹಲವು ತಿಂಗಳು ತಡೆಹಿಡಿಯಿತು. ಕೊನೆಗೆ ಚಿತ್ರವು ಮೊದಲು ಬೆಂಗಳೂರಿನಲ್ಲಿ ತೆರೆಕಂಡಿತು. ಅಲ್ಲಿ ದೊರೆತ ಉತ್ತಮ ಪ್ರತಿಕ್ರಿಯೆ ದೇಶದ ಇತರೆಡೆಗಳ ಬಿಡುಗಡೆಗೆ ದಾರಿಯಾಯಿತು. ರಾಷ್ಟ್ರೀಯ ಭಾವೈಕ್ಯ ಕುರಿತ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಲಭಿಸಿತು. 1974ರ ಕಾನ್ ಚಿತ್ರೋತ್ಸವದ ಸ್ಪರ್ಧಾ ವಿಭಾಗಕ್ಕೂ ಆಯ್ಕೆಯಾಯಿತು. ಸಂರಕ್ಷಿತ ಪ್ರತಿಯು 2014ರಲ್ಲಿ ಮರುಬಿಡುಗಡೆಯಾಯಿತು.

ಕನ್ನಡ ಚಿತ್ರಗಳು

‘ಕನ್ನೇಶ್ವರ ರಾಮ’ (1977) ಬ್ರಿಟಿಷ್ ಆಳ್ವಿಕೆಯ ಕಾಲದ ಬಂಡಾಯಗಾರನೊಬ್ಬನ ಕಥೆ. ‘ಚಿತೆಗೂ ಚಿಂತೆ’ (1978) ರಾಜಕೀಯ ವಿಡಂಬನೆ. ಯು. ಆರ್. ಅನಂತಮೂರ್ತಿ ಅವರ ಕಥೆಯನ್ನಾಧರಿಸಿದ ‘ಬರ’ (1982) ಚಿತ್ರದಲ್ಲಿ ಅನಂತ್ ನಾಗ್ ಜಿಲ್ಲಾಧಿಕಾರಿಯಾಗಿ ನಟಿಸಿದರು. ಮಳೆಯ ಅಭಾವಕ್ಕಿಂತ, ಜಿಲ್ಲೆಯನ್ನು ಬರಪೀಡಿತವೆಂದು ಘೋಷಿಸುವಲ್ಲಿ ಅಡ್ಡಬರುವ ರಾಜಕೀಯ ಲೆಕ್ಕಾಚಾರವೇ ಇಲ್ಲಿ ಮುಖ್ಯವಾಗಿದೆ. ಇದರ ಹಿಂದಿ ರೂಪ ‘ಸೂಖಾ’.

‘ಇಜ್ಜೋಡು’ (2010) ಚಿತ್ರದ ನಾಯಕಿ ಚೆನ್ನಿ (ಮೀರಾ ಜಾಸ್ಮಿನ್) ಬಸವಿಯಾಗಿ ಬಿಡಲ್ಪಟ್ಟವಳು. ದೇವರ ಹೆಸರಿನಲ್ಲಿ ಹೆಣ್ಣುಮಕ್ಕಳನ್ನು ವಿವಾಹದಿಂದ ಹೊರಗಿಡುವ ಈ ಪದ್ಧತಿ ಚಳ್ಳಕೆರೆ, ಮೊಳಕಾಲ್ಮೂರು, ಬಳ್ಳಾರಿಗಳನ್ನು ಒಳಗೊಂಡ ಬಯಲುಸೀಮೆಯಲ್ಲಿ ಹಿಂದೆ ರೂಢಿಯಲ್ಲಿತ್ತು. ಕರ್ನಾಟಕ ದೇವದಾಸಿ ಸಮರ್ಪಣೆ ನಿಷೇಧ ಕಾಯ್ದೆ, 1982 ಇಂತಹ ಸಮರ್ಪಣೆಯನ್ನು ಅಪರಾಧವಾಗಿಸಿತು.

ಗೌರವಗಳು

ಪದ್ಮಶ್ರೀ (1975), ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ (1994).